ಹೆಲ್ತ್ ಕಾರ್ಡ್ ಹಲ್ಲಿಗೆ ಆಗುತ್ತದಾ? ಕಾಸರಗೋಡಿನವರಿಗೆ ಒಂದು ವಿವರಣೆ

"ಕಾರ್ಡ್ ಉಂಟು, ಹಲ್ಲು ತೋರಿಸ್ಲಿಕ್ಕೆ ಆಗ್ತದಾ?" ಉಪ್ಪಳ, ಕುಂಬಳೆ, ಬದಿಯಡ್ಕ ಕಡೆ ಈ ಪ್ರಶ್ನೆ ಆಗಾಗ ಕಿವಿಗೆ ಬೀಳುತ್ತದೆ. ಉತ್ತರ ಮಾತ್ರ ಒಬ್ಬೊಬ್ಬರದು ಒಂದೊಂದು ತರ. ಆಗುತ್ತದೆ ಎನ್ನುವವರಿದ್ದಾರೆ, ಸುಮ್ನೆ ಹೋಗಬೇಡಿ ಎನ್ನುವವರೂ ಇದ್ದಾರೆ. ಇಬ್ಬರೂ ಹೇಳುವುದು ಅರ್ಧರ್ಧ ಸರಿ. ಹುಳುಕು ಹಲ್ಲಿಗೆ ಕಾರ್ಡ್ ನಡೆಯುವುದಿಲ್ಲ. ಬಿದ್ದು ದವಡೆ ಮುರಿದರೆ ನಡೆಯುತ್ತದೆ. ಮಕ್ಕಳ ಹಲ್ಲಿಗೆ ಕಾರ್ಡ್ ಇಲ್ಲದೆಯೂ ದಾರಿ ಇದೆ. ವಯಸ್ಸಾದವರ ಹಲ್ಲು ಸೆಟ್ಟಿಗೆ ಬೇರೆಯೇ ಇಲಾಖೆ. ಇದನ್ನೆಲ್ಲ ಒಂದೇ ಕಡೆ ಕೂತು ಹೇಳುವವರು ಕಡಿಮೆ, ಕನ್ನಡದಲ್ಲಿ ಹೇಳುವವರಂತೂ ಇನ್ನೂ ಕಡಿಮೆ. ಆದ್ದರಿಂದ ಸ್ವಲ್ಪ ಬಿಡಿಸಿ ಬರೆಯುತ್ತೇನೆ.

ನಾವು ಹೆಲ್ತ್ ಕಾರ್ಡ್ ಎಂದು ಕರೆಯುವುದು ಕಾರುಣ್ಯ ಆರೋಗ್ಯ ಸುರಕ್ಷಾ ಪದ್ಧತಿಯ ಕಾರ್ಡನ್ನು. ಚಿಕ್ಕದಾಗಿ ಕಾಸ್ಪ್. ಕೇಂದ್ರ ಸರಕಾರ 2018ರ ಸೆಪ್ಟೆಂಬರ್‌ನಲ್ಲಿ ಆಯುಷ್ಮಾನ್ ಭಾರತ್ ಯೋಜನೆ ಶುರು ಮಾಡಿತು. ಕೇರಳ ತನ್ನಲ್ಲಿ ಮೊದಲೇ ಇದ್ದ ವಿಮೆ ಯೋಜನೆಗಳನ್ನು ಅದರ ಜೊತೆ ಸೇರಿಸಿ 2019ರಲ್ಲಿ ಕಾಸ್ಪ್ ಮಾಡಿತು. ಒಂದು ಕುಟುಂಬಕ್ಕೆ ವರ್ಷಕ್ಕೆ 5 ಲಕ್ಷ ರೂಪಾಯಿವರೆಗೆ ಆಸ್ಪತ್ರೆ ಖರ್ಚು ಸಿಗುತ್ತದೆ. ಮನೆಯಲ್ಲಿ ಎಷ್ಟು ಜನ, ಯಾರಿಗೆ ಎಷ್ಟು ವಯಸ್ಸು ಎಂಬ ಮಿತಿ ಇಲ್ಲ. ಮೊದಲೇ ಇದ್ದ ಕಾಯಿಲೆಗೂ ಆಗುತ್ತದೆ. ರಾಜ್ಯದಲ್ಲಿ ಸುಮಾರು 42 ಲಕ್ಷ ಕುಟುಂಬಗಳು ಇದರಲ್ಲಿವೆ.

ತುಂಬ ಮಂದಿಗೆ ಇಲ್ಲೇ ಒಂದು ಗೊಂದಲ. ರೇಶನ್ ಕಾರ್ಡ್ ಗುಲಾಬಿ ಬಣ್ಣದ್ದು ಇದ್ದ ಮಾತ್ರಕ್ಕೆ ಕಾಸ್ಪ್ ತಾನಾಗಿ ಬರುವುದಿಲ್ಲ. ಹಳೆಯ ವಿಮೆ ಕಾರ್ಡ್ ನವೀಕರಿಸಿಕೊಂಡು ಬಂದ ಕುಟುಂಬಗಳು, 2011ರ ಸಾಮಾಜಿಕ ಆರ್ಥಿಕ ಗಣತಿಯ ಪಟ್ಟಿಯಲ್ಲಿರುವ ಕುಟುಂಬಗಳು ಇದರೊಳಗೆ ಬಂದವು. ನಿಮ್ಮ ಹೆಸರು ಇದೆಯೋ ಇಲ್ಲವೋ ಎಂದು ಯೋಜನೆಗೆ ಸೇರಿದ ಆಸ್ಪತ್ರೆಯ ಕಾಸ್ಪ್ ಕೌಂಟರ್‌ನಲ್ಲಿ ರೇಶನ್ ಕಾರ್ಡ್, ಆಧಾರ್ ಕೊಟ್ಟು ನೋಡಿಸಬಹುದು. ಕಾಯಿಲೆ ಬಂದ ದಿನ ನೋಡುವುದಕ್ಕಿಂತ ಬಿಡುವಿದ್ದಾಗ ನೋಡಿಸಿಟ್ಟುಕೊಳ್ಳುವುದು ಒಳ್ಳೆಯದು.

ಈಗ ಹಲ್ಲಿನ ವಿಷಯಕ್ಕೆ ಬರೋಣ. ಈ ಕಾರ್ಡಿನ ಹಣ ಹರಿಯುವುದು ಮುಖ್ಯವಾಗಿ ಅಡ್ಮಿಟ್ ಆದವರಿಗೆ. ಓಪಿಯಲ್ಲಿ ತೋರಿಸಿ ಮದ್ದು ತಗೊಂಡು ಮನೆಗೆ ಬರುವ ಚಿಕಿತ್ಸೆಗೆ ಇಲ್ಲ. ಹಲ್ಲಿನ ಕೆಲಸ ಎಂದರೆ ನೂರಕ್ಕೆ ತೊಂಬತ್ತು ಪಾಲು ಓಪಿ ಕೆಲಸವೇ. ಕುರ್ಚಿಯಲ್ಲಿ ಕೂರುತ್ತೀರಿ, ಬಾಯಿ ತೆರೆಯುತ್ತೀರಿ, ಕೆಲಸ ಮುಗಿಸಿ ಬಸ್ಸು ಹತ್ತುತ್ತೀರಿ. ಇಷ್ಟು ಸಾಲದು ಎಂಬಂತೆ ಆಯುಷ್ಮಾನ್ ಯೋಜನೆಯ ನಿಯಮದಲ್ಲೇ ಹಲ್ಲಿನ ಬಗ್ಗೆ ಬೇರೆಯಾಗಿ ಬರೆದಿದ್ದಾರೆ. ಹುಳುಕು ತುಂಬಿಸುವುದು, ರೂಟ್ ಕೆನಾಲ್, ಹಲ್ಲು ಸವೆದದ್ದು, ವಸಡಿನ ರೋಗ, ಇಂಪ್ಲಾಂಟ್, ಚೆಂದಕ್ಕೆ ಮಾಡಿಸುವ ಕೆಲಸ, ಇವು ಯಾವುದೂ ಸೇರುವುದಿಲ್ಲ. ಪೆಟ್ಟು ಬಿದ್ದು ಆದದ್ದು, ಗೆಡ್ಡೆ, ನೀರುಗುಳ್ಳೆಯಂಥ ಸಿಸ್ಟ್, ಇವುಗಳಿಂದ ಎಲುಬಿಗೆ ಚಿಕಿತ್ಸೆ ಬೇಕಾಗಿ ಆಸ್ಪತ್ರೆಗೆ ಸೇರಬೇಕಾದರೆ ಮಾತ್ರ ವಿನಾಯಿತಿ.

ಒಂದು ಉದಾಹರಣೆ ನೋಡಿ. ರಾಷ್ಟ್ರೀಯ ಹೆದ್ದಾರಿ 66ರಲ್ಲಿ ಬೈಕ್ ಜಾರಿ ಬಿದ್ದು ಕೆಳದವಡೆ ಎರಡು ಕಡೆ ಮುರಿಯಿತು, ಮುಂದಿನ ಮೂರು ಹಲ್ಲು ಹೋಯಿತು ಎಂದಿಟ್ಟುಕೊಳ್ಳಿ. ದವಡೆಗೆ ಪ್ಲೇಟ್ ಹಾಕುವ ಆಪರೇಶನ್, ವಾರ್ಡಿನ ಖರ್ಚು, ಮದ್ದು ಎಲ್ಲ ಕಾರ್ಡಿನಲ್ಲಿ ಬರುತ್ತದೆ. ಡಿಸ್ಚಾರ್ಜ್ ಆದ ಮೇಲೆ 15 ದಿನದ ಮದ್ದೂ ಪ್ಯಾಕೇಜಿನ ಒಳಗೇ ಇರುತ್ತದೆ. ಹೋದ ಮೂರು ಹಲ್ಲಿನ ಜಾಗಕ್ಕೆ ಇಂಪ್ಲಾಂಟ್ ಕೂರಿಸಿದರೆ ಅದರ ಹಣ ಮಾತ್ರ ನಿಮ್ಮ ಕೈಯಿಂದ. ಒಂದೇ ಬಾಯಿ, ಒಂದೇ ಅಪಘಾತ. ಎಲುಬು ಯೋಜನೆಯ ಒಳಗೆ, ಹಲ್ಲು ಹೊರಗೆ.

ಹೀಗೆ ಯಾಕೆ? ವಿಮೆ ಎಂಬುದು ಅಪರೂಪಕ್ಕೆ ಬರುವ ದೊಡ್ಡ ಖರ್ಚಿಗೆ ಹುಟ್ಟಿದ ಲೆಕ್ಕ. ಸಾವಿರ ಮನೆಗಳಲ್ಲಿ ಹತ್ತು ಮನೆಗೆ ಹೃದಯದ ಆಪರೇಶನ್ ಬಂದರೆ ಸಾವಿರ ಮನೆಯ ಹಣದಲ್ಲಿ ಹತ್ತು ಮನೆ ಉಳಿಯುತ್ತದೆ. ಹಲ್ಲು ಹಾಗಲ್ಲ. ಹುಳುಕು ಹೆಚ್ಚುಕಡಿಮೆ ಎಲ್ಲರಿಗೂ ಬರುತ್ತದೆ, ನಿಧಾನವಾಗಿ ಬರುತ್ತದೆ, ಖರ್ಚು ಒಮ್ಮೆಗೆ ಸಣ್ಣದು. ಜಗತ್ತಿನಲ್ಲಿ ಸುಮಾರು 350 ಕೋಟಿ ಜನಕ್ಕೆ ಬಾಯಿಯ ರೋಗ ಇದೆ ಎಂದು ವಿಶ್ವ ಆರೋಗ್ಯ ಸಂಸ್ಥೆ 2022ರ ವರದಿಯಲ್ಲಿ ಹೇಳಿದೆ. ಎಲ್ಲರೂ ಕೇಳಿ ಬಂದರೆ ಹಣ ಸಾಲದು ಎಂಬ ಹೆದರಿಕೆ ಯೋಜನೆ ಮಾಡುವವರಿಗೆ. ಇನ್ನೊಂದು ಕಾರಣ ಹಳೆಯದು. ಹಲ್ಲಿನ ವೈದ್ಯಕೀಯ ಮೊದಲಿನಿಂದಲೂ ಬೇರೆ ಕಾಲೇಜು, ಬೇರೆ ಕೌನ್ಸಿಲ್, ಬೇರೆ ಕಾನೂನು ಎಂದೇ ಬೆಳೆದು ಬಂತು. ನಮ್ಮಲ್ಲಿ 1948ರ ದಂತವೈದ್ಯರ ಕಾಯ್ದೆಯೂ ಅದೇ ದಾರಿ ಹಿಡಿಯಿತು. ಹಾಗಾಗಿ ಆರೋಗ್ಯದ ಯೋಜನೆ ಬರೆಯುವಾಗ ಬಾಯಿ ಯಾವಾಗಲೂ ಕೊನೆಯ ಪುಟಕ್ಕೆ ಹೋಗುತ್ತದೆ.

ಆದರೆ ಅಡ್ಮಿಟ್ ಆಗಬೇಕು ಎಂಬುದೇನೂ ಮುರಿಯಲಾಗದ ನಿಯಮವಲ್ಲ. ಡಯಾಲಿಸಿಸ್‌ಗೆ ಬಂದವರು ಅದೇ ದಿನ ಮನೆಗೆ ಹೋಗುತ್ತಾರೆ, ಆದರೂ ಅದು ಕಾರ್ಡಿನಲ್ಲಿ ಇದೆ. ಬೇಕು ಎಂದು ಕಂಡದ್ದಕ್ಕೆ ದಾರಿ ಮಾಡಿದ್ದಾರೆ. ಹಲ್ಲಿಗೆ ಇನ್ನೂ ಮಾಡಿಲ್ಲ, ಅಷ್ಟೆ.

ಇದರ ಬೆಲೆ ಎಲ್ಲಿ ತೆರುತ್ತೇವೆ ಎಂದು ನೋಡಬೇಕಾದರೆ ನಮ್ಮ ಊರಿನ ಎಲೆಅಡಿಕೆಯ ತಟ್ಟೆಯನ್ನೇ ನೋಡಬೇಕು. ಅಡಿಕೆ ನಮ್ಮ ಅನ್ನ, ಅದರ ಬಗ್ಗೆ ಹಗುರವಾಗಿ ಮಾತಾಡುವುದು ನನ್ನ ಉದ್ದೇಶ ಅಲ್ಲ. ಆದರೆ ಬೆಳೆಯುವುದು ಬೇರೆ, ದಿನವಿಡೀ ಕೆನ್ನೆಯಲ್ಲಿ ಇಟ್ಟುಕೊಳ್ಳುವುದು ಬೇರೆ. ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ವಿಭಾಗ ಹೊಗೆಸೊಪ್ಪು ಹಾಕಿದ ಎಲೆಅಡಿಕೆಯನ್ನಷ್ಟೇ ಅಲ್ಲ, ಬರೇ ಅಡಿಕೆಯನ್ನೂ ಮನುಷ್ಯನಿಗೆ ಕ್ಯಾನ್ಸರ್ ತರುವ ವಸ್ತುಗಳ ಸಾಲಿಗೆ ಸೇರಿಸಿದೆ. ಆ ವರದಿ 2004ರದ್ದು. ವರ್ಷಗಟ್ಟಲೆ ತಿಂದವರಲ್ಲಿ ಕೆನ್ನೆಯ ಒಳಚರ್ಮ ಗಟ್ಟಿಯಾಗಿ ಬಾಯಿ ತೆರೆಯುವುದು ಕಡಿಮೆಯಾಗುತ್ತಾ ಬರುತ್ತದೆ. ಖಾರ ತಿಂದರೆ ಉರಿ. ಮನೆಯಲ್ಲೇ ಒಂದು ಪರೀಕ್ಷೆ ಮಾಡಬಹುದು. ಬಾಯಿ ಪೂರ್ತಿ ತೆರೆದು ನಿಮ್ಮದೇ ಮೂರು ಬೆರಳನ್ನು ಒಂದರ ಮೇಲೊಂದು ನಿಲ್ಲಿಸಿ ಮೇಲಿನ ಕೆಳಗಿನ ಮುಂದಿನ ಹಲ್ಲುಗಳ ನಡುವೆ ಇಡಿ. ಹೋಗದಿದ್ದರೆ ಡಾಕ್ಟರಿಗೆ ತೋರಿಸಿ. ಎರಡು ವಾರ ಕಳೆದರೂ ಆರದ ಹುಣ್ಣು, ಉಜ್ಜಿದರೂ ಹೋಗದ ಬಿಳಿ ಅಥವಾ ಕೆಂಪು ಕಲೆ ಕಂಡರೂ ಹಾಗೇ. ನೋವಿಲ್ಲ ಎಂದು ಕಾಯಬೇಡಿ. ಶುರುವಿನಲ್ಲಿ ಹೆಚ್ಚಾಗಿ ನೋವು ಇರುವುದಿಲ್ಲ.

ಕ್ಯಾನ್ಸರ್ ಆಗಿ ದವಡೆಯ ಒಂದು ಭಾಗ ತೆಗೆಯಬೇಕಾದರೆ, ರೇಡಿಯೇಶನ್ ಕೊಡಬೇಕಾದರೆ ಕಾಸ್ಪ್ ಕಾರ್ಡ್ ನಡೆಯುತ್ತದೆ. ತಲಶ್ಶೇರಿಯ ಮಲಬಾರ್ ಕ್ಯಾನ್ಸರ್ ಸೆಂಟರ್‌ಗೆ ನಮ್ಮ ಜಿಲ್ಲೆಯವರು ಹೋಗುವುದು ಹೀಗೇ. ಅದೇ ಬಿಳಿ ಕಲೆ ಸಣ್ಣದಿರುವಾಗ ಕಂಡು ಹಿಡಿಯುವ ಹಲ್ಲಿನ ಓಪಿಗೆ ಮಾತ್ರ ವಿಮೆಯಲ್ಲಿ ಜಾಗ ಇಲ್ಲ. ಅಡಿಕೆಗೆ ಕೊಳೆರೋಗ ಬರದಂತೆ ಮಳೆಗೆ ಮುಂಚೆಯೇ ಮದ್ದು ಬಿಡಬೇಕು ಎಂದು ನಮಗೆ ಯಾರೂ ಹೇಳಿಕೊಡಬೇಕಾಗಿಲ್ಲ. ಈ ಯೋಜನೆ ಗೊನೆ ಉದುರಿದ ಮೇಲೆ ಪರಿಹಾರ ಕೊಡುತ್ತದೆ, ಮದ್ದಿಗೆ ಕೊಡುವುದಿಲ್ಲ. ಇದು ನನಗೆ ತಪ್ಪಾಗಿ ಕಾಣುತ್ತದೆ.

ಒಂದು ಸಮಾಧಾನ ಎಂದರೆ, ವಿಮೆ ಕೊಡದ್ದನ್ನು ಸರಕಾರಿ ಆಸ್ಪತ್ರೆ ಸ್ವಲ್ಪ ಮಟ್ಟಿಗೆ ಕೊಡುತ್ತದೆ. ಕಾಸರಗೋಡು ಜನರಲ್ ಆಸ್ಪತ್ರೆ, ಕಾಞಂಗಾಡಿನ ಜಿಲ್ಲಾ ಆಸ್ಪತ್ರೆಯಲ್ಲಿ ಹಲ್ಲಿನ ವಿಭಾಗ ಇದೆ. ಕೆಲವು ತಾಲೂಕು ಆಸ್ಪತ್ರೆಗಳಲ್ಲೂ ಇದೆ. ಓಪಿ ಚೀಟಿ ಮಾಡಿಸಿದರೆ ಸಾಕು, ಯಾವ ಕಾರ್ಡೂ ಬೇಡ. ಬಿಳಿ ರೇಶನ್ ಕಾರ್ಡಿನವರೂ ಹೋಗಬಹುದು. ಹಲ್ಲು ಕೀಳುವುದು, ತುಂಬಿಸುವುದು, ಕ್ಲೀನಿಂಗ್ ಸಾಮಾನ್ಯವಾಗಿ ಸಿಗುವ ಕೆಲಸಗಳು. ರೂಟ್ ಕೆನಾಲ್ ಎಲ್ಲ ಕಡೆ ಮಾಡುವುದಿಲ್ಲ, ಕ್ಯಾಪ್ ಇನ್ನೂ ಅಪರೂಪ. ಹೋಗುವ ಮೊದಲು ಒಂದು ಫೋನ್ ಮಾಡಿ ಕೇಳಿದರೆ ಬಸ್ಸಿನ ಹಣ, ಒಂದು ದಿನದ ಕೂಲಿ ಎರಡೂ ಉಳಿಯುತ್ತದೆ. ಕೇರಳ ಆರೋಗ್ಯ ಇಲಾಖೆಯ ದಿಶಾ ಸಹಾಯವಾಣಿ 1056. ಆಯುಷ್ಮಾನ್ ಬಗ್ಗೆ ಕೇಳಲು 14555.

ದೊಡ್ಡ ಕೆಲಸಗಳಿಗೆ ಡೆಂಟಲ್ ಕಾಲೇಜು ಒಳ್ಳೆಯ ದಾರಿ. ಪೊಯಿನಾಚಿಯಲ್ಲಿ ಒಂದು ಖಾಸಗಿ ಕಾಲೇಜು ಇದೆ. ಕಣ್ಣೂರು ಜಿಲ್ಲೆಯ ಪರಿಯಾರಂನದ್ದು ಸರಕಾರಿ. ಮಂಜೇಶ್ವರದವರಿಗೆ ದೇರಳಕಟ್ಟೆಯೇ ಹತ್ತಿರ, ಅಲ್ಲಿ ಒಂದಕ್ಕಿಂತ ಜಾಸ್ತಿ ಡೆಂಟಲ್ ಕಾಲೇಜುಗಳಿವೆ. ಸುಳ್ಯದಲ್ಲೂ ಇದೆ. ಖಾಸಗಿ ಕ್ಲಿನಿಕ್ಕಿಗಿಂತ ಕಾಲೇಜಿನಲ್ಲಿ ಸಾಮಾನ್ಯವಾಗಿ ಹಣ ಕಡಿಮೆ. ವಿದ್ಯಾರ್ಥಿಗಳು ಮಾಡುತ್ತಾರೆ ಎಂದು ಹೆದರುವವರಿದ್ದಾರೆ. ಪಕ್ಕದಲ್ಲಿ ಅವರ ಮೇಷ್ಟ್ರು ನಿಂತು ಪ್ರತಿ ಹಂತ ನೋಡುತ್ತಾರೆ. ಹೊತ್ತು ಜಾಸ್ತಿ ಹಿಡಿಯುತ್ತದೆ, ಅದು ನಿಜ.

ಮಕ್ಕಳ ವಿಷಯ ಸ್ವಲ್ಪ ನಿಧಾನವಾಗಿ ಹೇಳಬೇಕು, ಯಾಕೆಂದರೆ ಇಲ್ಲಿ ಸರಕಾರ ಕೊಡುವುದು ಜಾಸ್ತಿ, ನಾವು ತಗೊಳ್ಳುವುದು ಕಡಿಮೆ. 2013ರಲ್ಲಿ ರಾಷ್ಟ್ರೀಯ ಬಾಲ ಸ್ವಾಸ್ಥ್ಯ ಕಾರ್ಯಕ್ರಮ ಶುರುವಾಯಿತು. ಆಸ್ಪತ್ರೆಯವರು ಆರ್‌ಬಿಎಸ್‌ಕೆ ಎನ್ನುತ್ತಾರೆ. ಹುಟ್ಟಿದ ಮಗುವಿನಿಂದ 18 ವರ್ಷದವರೆಗೆ ಸುಮಾರು 30 ತೊಂದರೆಗಳನ್ನು ಹುಡುಕಿ ಉಚಿತ ಚಿಕಿತ್ಸೆಗೆ ಕಳಿಸುವುದು ಇದರ ಕೆಲಸ. ಆ ಪಟ್ಟಿಯಲ್ಲಿ ಹಲ್ಲಿನ ತೊಂದರೆಯೂ ಇದೆ, ಸೀಳು ತುಟಿ, ಸೀಳು ಅಂಗುಳವೂ ಇದೆ. ಅಂಗನವಾಡಿಯಲ್ಲಿ ವರ್ಷಕ್ಕೆ ಎರಡು ಸಲ, ಸರಕಾರಿ ಮತ್ತು ಅನುದಾನಿತ ಶಾಲೆಗಳಲ್ಲಿ ವರ್ಷಕ್ಕೆ ಒಂದು ಸಲ ತಪಾಸಣೆ ಆಗಬೇಕು. ತೊಂದರೆ ಕಂಡರೆ ಚೀಟಿ ಬರೆದು ಆಸ್ಪತ್ರೆಗೆ ಅಥವಾ ಜಿಲ್ಲೆಯ ಆರಂಭಿಕ ಚಿಕಿತ್ಸಾ ಕೇಂದ್ರಕ್ಕೆ ಕಳಿಸುತ್ತಾರೆ.

ಆ ಚೀಟಿ ಎಷ್ಟೋ ಸಲ ಮಗುವಿನ ಬ್ಯಾಗಿನ ಅಡಿಯಲ್ಲೇ ಉಳಿಯುತ್ತದೆ. "ಹಾಲು ಹಲ್ಲಲ್ವಾ, ಬಿದ್ದು ಹೋಗ್ತದೆ" ಎಂಬ ಮಾತು ಅದಕ್ಕೆ ಕಾರಣ. ಈ ಮಾತು ಎರಡು ಕಡೆ ತಪ್ಪುತ್ತದೆ. ಹಾಲು ಹಲ್ಲು ಹೊತ್ತಿಗೆ ಮುಂಚೆ ಹೋದರೆ ಪಕ್ಕದ ಹಲ್ಲುಗಳು ಆ ಜಾಗಕ್ಕೆ ಸರಿಯುತ್ತವೆ, ಮುಂದೆ ಬರುವ ಹಲ್ಲಿಗೆ ದಾರಿ ಇಲ್ಲದಾಗುತ್ತದೆ. ಎರಡನೆಯದು ಇನ್ನೂ ಮುಖ್ಯ. ಮಗುವಿಗೆ ಸುಮಾರು ಆರು ವರ್ಷ ಆಗುವಾಗ ಬಾಯಿಯ ಹಿಂಭಾಗದಲ್ಲಿ, ಹಾಲು ಹಲ್ಲಿನ ಸಾಲು ಮುಗಿದ ಮೇಲೆ, ನಾಲ್ಕು ದೊಡ್ಡ ದವಡೆ ಹಲ್ಲು ಬರುತ್ತವೆ. ಅವು ಬರಲು ಯಾವ ಹಲ್ಲೂ ಬೀಳುವುದಿಲ್ಲ. ಹಾಗಾಗಿ ಮನೆಯವರಿಗೆ ಗೊತ್ತೇ ಆಗುವುದಿಲ್ಲ, ಅವನ್ನೂ ಹಾಲು ಹಲ್ಲೆಂದೇ ತಿಳಿಯುತ್ತಾರೆ. ಅವು ಶಾಶ್ವತ ಹಲ್ಲು. ಹೋದರೆ ಮತ್ತೆ ಬರುವುದಿಲ್ಲ. ಮೇಲ್ಮೈಯಲ್ಲಿ ಆಳದ ಗೆರೆಗಳಿರುತ್ತವೆ, ಬ್ರಶ್ಶಿನ ಎಳೆ ಅದರೊಳಗೆ ಹೋಗುವುದಿಲ್ಲ. ಅಕ್ಕಿ ರೊಟ್ಟಿ, ಬಿಸ್ಕತ್ತು, ಚಾಕಲೇಟಿನ ಚೂರು ಅಲ್ಲೇ ಕೂರುತ್ತದೆ. ಡಾಕ್ಟರು ಆ ಗೆರೆಗಳ ಮೇಲೆ ತೆಳ್ಳಗೆ ಒಂದು ಪದರ ಹಾಕಿ ಮುಚ್ಚಬಹುದು. ಸೀಲಂಟ್ ಎನ್ನುತ್ತಾರೆ. ಚುಚ್ಚುವುದಿಲ್ಲ, ಕೊರೆಯುವುದಿಲ್ಲ, ಮಗು ಅಳುವುದೂ ಇಲ್ಲ. ಒಂದನೇ ಕ್ಲಾಸಿನ ಮಗು ಮನೆಯಲ್ಲಿದ್ದರೆ ಇವತ್ತೇ ಮೊಬೈಲ್ ಟಾರ್ಚ್ ಹಿಡಿದು ಹಿಂದಿನ ಹಲ್ಲು ಬಂದಿದೆಯಾ ಎಂದು ನೋಡಿ. ಬಂದಿದ್ದರೆ ಹಲ್ಲಿನ ಓಪಿಯಲ್ಲಿ ಸೀಲಂಟ್ ಬಗ್ಗೆ ಹೆಸರು ಹಿಡಿದೇ ಕೇಳಿ.

ಡೆಂಟಲ್ ಕೌನ್ಸಿಲ್ 2002–03ರಲ್ಲಿ ನಡೆಸಿದ ರಾಷ್ಟ್ರೀಯ ಸಮೀಕ್ಷೆಯಲ್ಲಿ 12 ವರ್ಷದ ಮಕ್ಕಳಲ್ಲಿ ಅರ್ಧಕ್ಕಿಂತ ಜಾಸ್ತಿ ಮಂದಿಗೆ ಹುಳುಕು ಕಂಡುಬಂದಿತ್ತು. ಆ ಮಕ್ಕಳು ಈಗ ಅಪ್ಪ ಅಮ್ಮಂದಿರು.

ಆರ್‌ಬಿಎಸ್‌ಕೆಯ ಹೊರಗೆ ಉಳಿಯುವ ಕಾಯಿಲೆಗಳಿಗೆ ಕೇರಳ ಆರೋಗ್ಯಕಿರಣಂ ಎಂಬ ಯೋಜನೆ ಮಾಡಿದೆ. ಇದರಲ್ಲಿ 18 ವರ್ಷದವರೆಗಿನ ಮಕ್ಕಳಿಗೆ ಸರಕಾರಿ ಆಸ್ಪತ್ರೆಯಲ್ಲಿ ಉಚಿತ ಚಿಕಿತ್ಸೆ. ಸರಕಾರಿ ನೌಕರರ, ಆದಾಯ ತೆರಿಗೆ ಕಟ್ಟುವವರ ಮಕ್ಕಳಿಗೆ ಇಲ್ಲ. ಹೆತ್ತವರು ಗಮನಿಸಬೇಕಾದ ಇನ್ನೊಂದು ವಿಷಯ, ಅನುದಾನ ಇಲ್ಲದ ಖಾಸಗಿ ಶಾಲೆಗೆ ಹೋಗುವ ಮಕ್ಕಳು ಶಾಲೆಯ ತಪಾಸಣೆಯ ಹೊರಗೇ ಉಳಿಯುತ್ತಾರೆ. ಅವರನ್ನು ನಾವೇ ಕರೆದುಕೊಂಡು ಹೋಗಬೇಕು.

ಎಣ್ಮಕಜೆ, ಮುಳಿಯಾರು, ಬೆಳ್ಳೂರು ಕಡೆ ಎಂಡೋಸಲ್ಫಾನ್‌ನಿಂದ ತೊಂದರೆಗೊಳಗಾದ ಮಕ್ಕಳ ಮನೆಗಳಲ್ಲಿ ಹಲ್ಲಿನ ಮಾತು ಬರುವುದೇ ಕೊನೆಗೆ. ಕತ್ತು ನಿಲ್ಲದ, ಬಾಯಿ ತೆರೆದು ಕೂರಲಾಗದ ಮಗುವಿಗೆ ಸಾದಾ ಕುರ್ಚಿಯಲ್ಲಿ ಹಲ್ಲು ತುಂಬಿಸಲು ಆಗುವುದಿಲ್ಲ, ಅರಿವಳಿಕೆ ಕೊಟ್ಟು ಆಪರೇಶನ್ ಥಿಯೇಟರ್‌ನಲ್ಲೇ ಮಾಡಬೇಕಾಗುತ್ತದೆ. ಆ ಮಕ್ಕಳಿಗೆ ನೋವು ಹೇಳಲಿಕ್ಕೂ ಆಗುವುದಿಲ್ಲ. ಊಟ ಬಿಟ್ಟರೆ, ರಾತ್ರಿ ಅತ್ತರೆ, ಕೆನ್ನೆ ಹಿಡಿದುಕೊಂಡರೆ ಬಾಯಿಯೊಳಗೆ ನೋಡಿ. ಸಂತ್ರಸ್ತರ ಪಟ್ಟಿಯಲ್ಲಿರುವವರಿಗೆ ಗೊತ್ತುಮಾಡಿದ ಆಸ್ಪತ್ರೆಗಳಲ್ಲಿ ಉಚಿತ ಚಿಕಿತ್ಸೆಯ ವ್ಯವಸ್ಥೆ ಬೇರೆಯೇ ಇದೆ, ಹಲ್ಲಿನ ಚಿಕಿತ್ಸೆಯನ್ನೂ ಅಲ್ಲಿ ಕೇಳಬೇಕು.

ಸಂಬಳದವರಿಗೆ ಎರಡು ಮಾತು. ತಿಂಗಳಿಗೆ 21,000 ರೂಪಾಯಿವರೆಗೆ ಸಂಬಳ ಇದ್ದು ಇಎಸ್‌ಐ, ಅಂದರೆ ನೌಕರರ ರಾಜ್ಯ ವಿಮೆ, ಕಟ್ಟುವವರಿಗೆ ಓಪಿ ಚಿಕಿತ್ಸೆಯೂ ಸಿಗುತ್ತದೆ. ಡಿಸ್ಪೆನ್ಸರಿಯಿಂದ ಚೀಟಿ ಬರೆಸಿಕೊಂಡು ಹೋಗಬೇಕು. ಸರಕಾರಿ ನೌಕರರ, ಪಿಂಚಣಿದಾರರ ವಿಮೆ ಯೋಜನೆ ಮೆಡಿಸೆಪ್ 2022ರ ಜುಲೈಯಲ್ಲಿ ಬಂತು. ಅದೂ ಮುಖ್ಯವಾಗಿ ಅಡ್ಮಿಟ್ ಆದವರ ಯೋಜನೆ, ಹುಳುಕು ಹಲ್ಲಿಗೆ ಅದನ್ನು ನಂಬಿ ಕೂರಬೇಡಿ.

ಇನ್ನು ಹಲ್ಲೆಲ್ಲ ಹೋದ ಅಜ್ಜ ಅಜ್ಜಿಯರು. ಇವರಿಗೆ ಕೇರಳದಲ್ಲಿ ಮಂದಹಾಸಂ ಎಂಬ ಯೋಜನೆ ಇದೆ. ಇದನ್ನು ನಡೆಸುವುದು ಆರೋಗ್ಯ ಇಲಾಖೆ ಅಲ್ಲ, ಸಾಮಾಜಿಕ ನ್ಯಾಯ ಇಲಾಖೆ. ಆದ್ದರಿಂದಲೇ ಆಸ್ಪತ್ರೆಯಲ್ಲಿ ಕೇಳಿದರೆ ಕೆಲವೊಮ್ಮೆ ಗೊತ್ತಿಲ್ಲ ಎನ್ನುತ್ತಾರೆ. 60 ವರ್ಷ ಆಗಿರಬೇಕು, ಬಡತನದ ರೇಖೆಗಿಂತ ಕೆಳಗಿರಬೇಕು. ಹಲ್ಲೆಲ್ಲ ಹೋಗಿದೆ ಅಥವಾ ಉಳಿದದ್ದು ಕಿತ್ತು ಸೆಟ್ ಹಾಕಬೇಕು ಎಂದು ಹಲ್ಲಿನ ಡಾಕ್ಟರು ಬರೆದುಕೊಡಬೇಕು. ಒಂದೆರಡು ಹಲ್ಲು ಕಟ್ಟಿಸಲು ಇದರಲ್ಲಿ ಆಗುವುದಿಲ್ಲ, ಪೂರ್ತಿ ಸೆಟ್ಟಿಗೆ ಮಾತ್ರ. ಅರ್ಜಿ ಆ ಇಲಾಖೆಯ ಸುನೀತಿ ಪೋರ್ಟಲ್‌ನಲ್ಲಿ. ಅಕ್ಷಯ ಕೇಂದ್ರದವರು ಹಾಕಿಕೊಡುತ್ತಾರೆ. ಗಂಜಿ, ನೆನೆಸಿದ ಬ್ರೆಡ್ಡು ಎಂದು ದಿನ ದೂಡುವ ಎಷ್ಟೋ ಹಿರಿಯರು ನಮ್ಮ ಮನೆಗಳಲ್ಲಿದ್ದಾರೆ. ಹಲ್ಲು ಸೆಟ್ ಅವರಿಗೆ ಶೋಕಿ ಅಲ್ಲ, ಊಟದ ಪ್ರಶ್ನೆ.

ಕರ್ನಾಟಕದಲ್ಲಿ ಇದೇ ತರದ ದಂತಭಾಗ್ಯ ಇದೆ. ಮಂಗಳೂರಿನ ನೆಂಟರು ಅದನ್ನು ಹೇಳಿ ಕಳಿಸುತ್ತಾರೆ, ಇಲ್ಲಿಂದ ಅಲ್ಲಿಗೆ ಹೋದ ಮೇಲೆ ಕರ್ನಾಟಕದ ಬಿಪಿಎಲ್ ಕಾರ್ಡ್ ಕೇಳುತ್ತಾರೆ. ನಮ್ಮ ಹತ್ತಿರ ಇರುವುದು ಕೇರಳದ ಕಾರ್ಡ್. ತಲಪಾಡಿ ದಾಟಿದರೆ ಭಾಷೆ ನಮ್ಮದೇ, ಯೋಜನೆ ಮಾತ್ರ ಬೇರೆ. ಕಾಸ್ಪ್ ಕಾರ್ಡಿಗೂ ಈ ಗಡಿಯ ತೊಡಕು ಉಂಟು. ಕೇಂದ್ರದ ಆಯುಷ್ಮಾನ್ ಪಟ್ಟಿಯಲ್ಲಿ ಹೆಸರಿರುವ ಕುಟುಂಬ ಬೇರೆ ರಾಜ್ಯದ ಯೋಜನೆಗೆ ಸೇರಿದ ಆಸ್ಪತ್ರೆಯಲ್ಲೂ ಕಾರ್ಡ್ ಬಳಸಬಹುದು. ಆದರೆ ಕಾಸ್ಪ್‌ನಲ್ಲಿರುವ ಕುಟುಂಬಗಳಲ್ಲಿ ಸರಿಸುಮಾರು ಅರ್ಧ ಮಾತ್ರ ಆ ಪಟ್ಟಿಯವರು, ಉಳಿದವರ ಖರ್ಚು ಪೂರ್ತಿ ಕೇರಳದ್ದು. ಎರಡೂ ಕಾರ್ಡು ನೋಡಲು ಒಂದೇ ತರ. ದವಡೆ ಆಪರೇಶನ್‌ಗೆ ಮಂಗಳೂರಿಗೆ ಹೊರಡುವ ಮುಂಚೆ ಆ ಆಸ್ಪತ್ರೆಯ ಆಯುಷ್ಮಾನ್ ಕೌಂಟರಿಗೆ ಫೋನ್ ಮಾಡಿ, ಕಾರ್ಡ್ ನಂಬರ್ ಹೇಳಿ, ನಡೆಯುತ್ತದಾ ಎಂದು ಕೇಳಿ. ಅಡ್ಮಿಟ್ ಆದ ಮೇಲೆ ಕೇಳಿದರೆ ಬಿಲ್ಲು ಓಡುತ್ತಾ ಇರುತ್ತದೆ.

ಬೇರೆ ದೇಶಗಳು ಇದನ್ನು ಹೇಗೆ ಬಿಡಿಸಿಕೊಂಡಿವೆ? ಬ್ರಿಟನ್ 1948ರಲ್ಲಿ ರಾಷ್ಟ್ರೀಯ ಆರೋಗ್ಯ ಸೇವೆ ಶುರು ಮಾಡಿದಾಗ ಹಲ್ಲು ಎಲ್ಲರಿಗೂ ಉಚಿತ. ಜನ ಮುಗಿಬಿದ್ದರು, 1951ರಲ್ಲೇ ಹಲ್ಲು ಸೆಟ್ಟಿಗೆ ಹಣ ಹಾಕಬೇಕಾಯಿತು. ಆದರೂ ಇಂಗ್ಲೆಂಡಿನಲ್ಲಿ ಇವತ್ತಿಗೂ 18ರ ಕೆಳಗಿನ ಮಕ್ಕಳಿಗೆ, ಬಸುರಿಯರಿಗೆ ಉಚಿತವಾಗಿಯೇ ಉಳಿಸಿದ್ದಾರೆ. ಅಮೆರಿಕದಲ್ಲಿ ಬಡವರ ಮೆಡಿಕೇಡ್ ಯೋಜನೆ ಇದೆ. ಅಲ್ಲಿ ಮಕ್ಕಳ ಹಲ್ಲಿನ ಚಿಕಿತ್ಸೆ ಕೊಡಲೇಬೇಕು ಎಂಬ ಕಾನೂನು ಇದೆ, ದೊಡ್ಡವರದ್ದು ಆಯಾ ರಾಜ್ಯದ ಇಷ್ಟ. ಹಣ ಸಾಲದಾದಾಗ ಎರಡೂ ದೇಶಗಳು ಕೈಬಿಡದೆ ಹಿಡಿದದ್ದು ಮಕ್ಕಳನ್ನೇ. ನಾವೂ ಅಲ್ಲಿಂದ ಶುರು ಮಾಡಬಹುದು. ಸೀಲಂಟ್, ಫ್ಲೋರೈಡ್ ಹಚ್ಚುವುದು, ಸಾದಾ ಸಿಮೆಂಟ್ ತುಂಬುವುದು, ಇವಕ್ಕೆ ಥಿಯೇಟರ್ ಬೇಡ. 2021ರಲ್ಲಿ ವಿಶ್ವ ಆರೋಗ್ಯ ಸಂಸ್ಥೆ ತನ್ನ ಅಗತ್ಯ ಔಷಧಗಳ ಪಟ್ಟಿಗೆ ಫ್ಲೋರೈಡ್ ಪೇಸ್ಟನ್ನೂ ಹಲ್ಲು ತುಂಬುವ ಗ್ಲಾಸ್ ಅಯನೊಮರ್ ಸಿಮೆಂಟನ್ನೂ ಸೇರಿಸಿತು. ಕೇಳಲು ನಮಗೆ ಆಧಾರ ಇದೆ.

ಎಲ್ಲಿ ಕೇಳುವುದು ಎಂದರೆ, ಕೇರಳದಲ್ಲಿ ಅದಕ್ಕೆ ತುಂಬ ದೂರ ಹೋಗಬೇಕಾಗಿಲ್ಲ. ಇಲ್ಲಿ ಪ್ರಾಥಮಿಕ ಆರೋಗ್ಯ ಕೇಂದ್ರಗಳು ಗ್ರಾಮ ಪಂಚಾಯತಿನ ಕೈಯಲ್ಲಿವೆ, ಜಿಲ್ಲಾ ಆಸ್ಪತ್ರೆ ಜಿಲ್ಲಾ ಪಂಚಾಯತಿನದ್ದು. ಪಂಚಾಯತಿಗೆ ಯೋಜನಾ ನಿಧಿ ಇದೆ, ಅದು ಯಾವುದಕ್ಕೆ ಹೋಗಬೇಕು ಎಂದು ಗ್ರಾಮಸಭೆಯಲ್ಲಿ ಬರೆದುಕೊಡಬಹುದು. ನಮ್ಮ ವಾರ್ಡಿನ ಶಾಲೆಯ ಒಂದು, ಎರಡನೇ ಕ್ಲಾಸಿನ ಮಕ್ಕಳಿಗೆ ಹಲ್ಲಿನ ಡಾಕ್ಟರನ್ನು ಕರೆಸಿ ಸೀಲಂಟ್ ಹಾಕಿಸಿ, ಬಾಯಿ ತಪಾಸಣೆಯ ಚೀಟಿ ಮನೆಯವರ ಕೈಗೆ ಕನ್ನಡದಲ್ಲೂ ಸಿಗಲಿ ಎಂದು ಎರಡು ಸಾಲು. ಕನ್ನಡದಲ್ಲೇ ಬರೆದುಕೊಡಿ. ಭಾಷಾ ಅಲ್ಪಸಂಖ್ಯಾತರ ಪ್ರದೇಶದಲ್ಲಿ ಆ ಅರ್ಜಿಯನ್ನು ಅವರು ತಗೊಳ್ಳಬೇಕು.